ಅಧ್ಯಕ್ಷರ ಮಾತು ಯಾರು ಬರೆಯಬೇಕು?

ಕಳೆದ ಮಳೆಗಾಲದಲ್ಲಿ ನಮ್ಮ ಜಡೆಯಲ್ಲಿ ಒಬ್ಬರು ಹಿರಿಯರು ತೀರಿಕೊಂಡರು. ಕರಾವಳಿಯಿಂದ ವ್ಯಾಪಾರಕ್ಕೆಂದು ಘಟ್ಟ ಹತ್ತಿ ಸೊರಬ ತಾಲೂಕಿನ ಈ ಊರಿಗೆ ಬಂದ ನಮ್ಮಂಥ ಕೆಲವೇ ಮನೆಗಳಿಗೆ ಅವರೇ ದೊಡ್ಡವರು. ದಫನ ಮುಗಿದ ಮೂರನೇ ದಿನ ಸಂತಾಪ ಸಭೆ ಇಟ್ಟುಕೊಂಡೆವು. ನಮ್ಮ ಪುಟ್ಟ ಸಂಘಕ್ಕೆ ನಾನು ಅಧ್ಯಕ್ಷ, ಹಾಗಾಗಿ ಎರಡು ಮಾತು ನಾನು ಆಡಲೇಬೇಕು. ಆ ದಿನ ಅಂಗಡಿಯಲ್ಲಿ ಗಿರಾಕಿ ಜಾಸ್ತಿ. ಅಳಿಯನನ್ನು ಕರೆದು, "ಎರಡು ಪುಟ ಚೆಂದ ಮಾಡಿ ಬರೆದುಕೊಡು ಮಾರಾಯ, ಸಂಜೆ ಓದಲಿಕ್ಕುಂಟು" ಅಂದೆ. ಅವನು ಫೋನಿನಲ್ಲಿ ಎಐಗೆ ಕೇಳಿದ. ಎರಡೇ ನಿಮಿಷದಲ್ಲಿ ಎರಡು ಪುಟ ಬಂತು.

ಸಂಜೆ ಅದನ್ನೇ ಓದಿದೆ. "ಸಮಾಜದ ಆಧಾರಸ್ತಂಭ", "ತುಂಬಲಾರದ ನಷ್ಟ", "ಸರಳ ಸಜ್ಜನಿಕೆಯ ಪ್ರತಿರೂಪ" ಎಂಬಂಥ ಮಾತುಗಳಿಗೆ ಕೊರತೆ ಇರಲಿಲ್ಲ. ಎಲ್ಲರೂ ತಲೆ ಆಡಿಸಿದರು. ಸಭೆ ಮುಗಿದ ಮೇಲೆ ತೀರಿಕೊಂಡವರ ಮಗಳು ಬಾಗಿಲ ಹತ್ತಿರ ಬಂದು ಹೇಳಿದಳು: "ಕಾಕ, ನೀವು ಓದಿದ್ದು ಚೆಂದ ಇತ್ತು. ಆದರೆ ಅದರಲ್ಲಿ ಉಪ್ಪ ಇರಲಿಲ್ಲ."

ಅವಳು ಸಿಟ್ಟಿನಿಂದ ಹೇಳಿದ್ದಲ್ಲ. ಅದಕ್ಕೇ ನನಗೆ ಹೆಚ್ಚು ತಾಗಿತು. ಆ ಮನುಷ್ಯ ನನಗೆ ಮೂವತ್ತು ವರ್ಷದ ಪರಿಚಯ. ನಾನು ಇಲ್ಲಿಗೆ ಬಂದ ಹೊಸತರಲ್ಲಿ, ಒಂದು ಮಳೆಗಾಲ ಸರಕೆಲ್ಲ ನೆಂದು ಹಾಳಾದಾಗ, ಕೇಳದೆಯೇ ಬಂದು ಹಣ ಕೊಟ್ಟವರು. ವಾಪಸ್ ಕೊಡಲು ಹೋದಾಗ ಎಣಿಸದೆ ಕಿಸೆಗೆ ಹಾಕಿಕೊಂಡವರು. ಸಂತೆಯ ದಿನ ಪೇಟೆಯಲ್ಲಿ ನಿಂತು ನಾಲ್ಕು ಭಾಷೆಯಲ್ಲಿ ಜಗಳ ಬಿಡಿಸುತ್ತಿದ್ದರು. ಇದರಲ್ಲಿ ಒಂದೇ ಒಂದು ಮಾತೂ ನನ್ನ ಬಾಯಿಂದ ಬರಲಿಲ್ಲ. ಇದೆಲ್ಲ ಗೊತ್ತಿದ್ದವನು ನಾನು. ಬರೆಯಲು ಹೇಳಿದ್ದು ಏನೂ ಗೊತ್ತಿಲ್ಲದ ಫೋನಿಗೆ.

ಇನ್ನೊಂದು ತಪ್ಪು

ಇದಕ್ಕಿಂತ ಮೊದಲೇ ನಾನು ಇದರ ಉಲ್ಟಾ ತಪ್ಪು ಮಾಡಿದ್ದೆ. ಅದನ್ನೂ ಹೇಳಿಬಿಡುತ್ತೇನೆ.

ಸಂಘಕ್ಕೆ ಹತ್ತು ವರ್ಷ ತುಂಬಿದಾಗ ಒಂದು ಸ್ಮರಣ ಸಂಚಿಕೆ ತರೋಣ ಎಂದು ತೀರ್ಮಾನವಾಯಿತು. ನಮ್ಮಲ್ಲೇ ಒಬ್ಬಳು ಹುಡುಗಿ, ಬಿ.ಎಡ್. ಮುಗಿಸಿ ಶಾಲೆಯಲ್ಲಿ ಪಾಠ ಮಾಡುತ್ತಿದ್ದವಳು. ಕನ್ನಡ ಚೆನ್ನಾಗಿ ಬರೆಯುತ್ತಾಳೆ, ಚಿತ್ರವೂ ಬಿಡಿಸುತ್ತಾಳೆ. "ಸಂಚಿಕೆ ಪೂರ್ತಿ ನಿನ್ನ ಜವಾಬ್ದಾರಿ ಮಗಳೇ" ಎಂದು ಸಭೆಯಲ್ಲೇ ಹೇಳಿದೆ. ಅವಳು ಮನೆಮನೆಗೆ ಹೋದಳು. ಅಜ್ಜಿಯರ ಹತ್ತಿರ ಕೂತು, ಯಾರು ಯಾವಾಗ ಘಟ್ಟ ಹತ್ತಿದರು, ಮೊದಲು ಯಾವ ಮನೆಯಲ್ಲಿ ಬಾಡಿಗೆಗೆ ಇದ್ದರು, ಮೀನು ಸಿಗದ ಊರಿನಲ್ಲಿ ಮೊದಲ ವರ್ಷ ಎಂತ ತಿಂದರು ಎಂಬುದನ್ನೆಲ್ಲ ಬ್ಯಾರಿಯಲ್ಲೇ ಕೇಳಿ ಬರೆದುಕೊಂಡಳು. ಮುಖಪುಟಕ್ಕೆ ಒಬ್ಬ ಅಜ್ಜಿಯ ಕೈಯ ಚಿತ್ರ ಬಿಡಿಸಿದ್ದಳು.

ಪ್ರೆಸ್ಸಿಗೆ ಹೋಗುವ ಹಿಂದಿನ ರಾತ್ರಿ ನಾನು ಕೂತೆ. ಮುಖಪುಟ ನನಗೆ ಹಿಡಿಸಲಿಲ್ಲ. ಕೈಯ ಚಿತ್ರ ತೆಗೆಸಿ ಸಂಘದ ಪದಾಧಿಕಾರಿಗಳ ಫೋಟೋ ಹಾಕಿಸಿದೆ. ಅಜ್ಜಿಯರ ಮಾತು ನಾಲ್ಕು ಪುಟ ಇದ್ದದ್ದನ್ನು ಒಂದು ಪುಟಕ್ಕೆ ಇಳಿಸಿದೆ, ಜಾಹೀರಾತಿಗೆ ಜಾಗ ಬೇಕಿತ್ತು. ಶೀರ್ಷಿಕೆಗಳನ್ನೆಲ್ಲ ನನಗೆ ತೋಚಿದ ಹಾಗೆ ಬದಲಾಯಿಸಿದೆ. ಸಂಪಾದಕರ ಜಾಗದಲ್ಲಿ ಮೊದಲು ನನ್ನ ಹೆಸರು, "ಸಹಕಾರ" ಎಂಬಲ್ಲಿ ಸಣ್ಣ ಅಕ್ಷರದಲ್ಲಿ ಅವಳ ಹೆಸರು. ಬಿಡುಗಡೆಯ ದಿನ ಅವಳು ಬಂದು ಹಿಂದಿನ ಸಾಲಿನಲ್ಲಿ ಕೂತು, ಒಂದು ಪ್ರತಿ ತೆಗೆದುಕೊಂಡು ಹೋದಳು. ಆಮೇಲೆ ಸಂಘದ ಯಾವ ಕೆಲಸಕ್ಕೂ ಬರಲಿಲ್ಲ. "ಟೈಮ್ ಇಲ್ಲ ಕಾಕ" ಅನ್ನುತ್ತಿದ್ದಳು. ಟೈಮ್ ಇಲ್ಲದ್ದಲ್ಲ ಎಂಬುದು ನನಗೆ ಗೊತ್ತಿತ್ತು.

ನಾನೇ ಆಡಬೇಕಾದ ಮಾತನ್ನು ಬೇರೆಯವರಿಗೆ ಬಿಟ್ಟೆ, ಬೇರೆಯವರಿಗೆ ಬಿಡಬೇಕಾದ ಕೆಲಸದಲ್ಲಿ ಕೈ ಹಾಕಿದೆ. ಇದು ನನ್ನೊಬ್ಬನ ಕಾಯಿಲೆ ಅಲ್ಲ ಎಂದೇ ಈ ಪುಟಕ್ಕೆ ಬರೆಯುತ್ತಿದ್ದೇನೆ. ಜಮಾಅತ್ ಕಮಿಟಿ, ಮದ್ರಸ ಕಮಿಟಿ, ಯುವಕರ ಸಂಘ, ಗಲ್ಫಿನಲ್ಲಿರುವ ಊರಿನವರ ಕೂಟ, ಶಾಲೆಯ ಆಡಳಿತ ಮಂಡಳಿ, ಎಲ್ಲಿ ನೋಡಿದರೂ ಈ ಎರಡು ತಪ್ಪು ಕಾಣುತ್ತವೆ.

ತಾಳಗುಂದದ ಕಂಬ

ಸಂತಾಪ ಸಭೆಯಾದ ಕೆಲವು ವಾರಗಳ ನಂತರ ಒಂದು ಕೆಲಸದ ಮೇಲೆ ಶಿರಾಳಕೊಪ್ಪಕ್ಕೆ ಹೋಗಿದ್ದೆ. ಜೊತೆಗೆ ಅಳಿಯನೂ ಇದ್ದ. ಕೆಲಸ ಬೇಗ ಮುಗಿಯಿತು. "ಹತ್ತಿರವೇ ತಾಳಗುಂದ ಉಂಟು, ಶಾಲೆಯಲ್ಲಿ ಓದಿದ್ದೇ ಹೊರತು ನೋಡಿಲ್ಲ" ಅಂದ. ಹೋದೆವು. ಶಿಕಾರಿಪುರ ತಾಲೂಕಿನ ಸಣ್ಣ ಹಳ್ಳಿ ಅದು. ಅಲ್ಲಿ ಪ್ರಣವೇಶ್ವರ ದೇವಸ್ಥಾನದ ಎದುರು ಕಲ್ಲಿನ ಕಂಬ ಒಂದು ನಿಂತಿದೆ. ಅದರ ಮೇಲೆ ಸಂಸ್ಕೃತ ಪದ್ಯಗಳ ಶಾಸನ. ಐದನೇ ಶತಮಾನದ್ದು, ಅಂದರೆ 1,500 ವರ್ಷಕ್ಕೂ ಹಳೆಯದು.

ಕದಂಬರ ವಿಷಯ ನಮಗೆ ಗೊತ್ತಿರುವುದರಲ್ಲಿ ದೊಡ್ಡ ಪಾಲು ಬಂದದ್ದು ಈ ಕಂಬದಿಂದ. ಮಯೂರಶರ್ಮ ಓದಲೆಂದು ಗುರುವಿನ ಜೊತೆ ಕಂಚಿಗೆ ಹೋದದ್ದು, ಅಲ್ಲಿ ಪಲ್ಲವರ ಕುದುರೆ ಸವಾರನೊಬ್ಬನ ಜೊತೆ ಜಗಳವಾದದ್ದು, ಅವಮಾನ ತಾಳದೆ ಪುಸ್ತಕ ಬಿಟ್ಟು ಕತ್ತಿ ಹಿಡಿದದ್ದು, ಕೊನೆಗೆ ರಾಜ್ಯವನ್ನೇ ಕಟ್ಟಿದ್ದು, ಎಲ್ಲ ಅದರಲ್ಲಿದೆ. ಅದೇ ವಂಶದ ಕಾಕುತ್ಸ್ಥವರ್ಮ ಅಲ್ಲೊಂದು ಕೆರೆ ಕಟ್ಟಿಸಿದ. ಅವನ ಮಗ ಶಾಂತಿವರ್ಮನ ಕಾಲದಲ್ಲಿ ಈ ಶಾಸನ ಆಯಿತು.

ರಾಜ ಇದನ್ನು ತಾನೇ ಬರೆಯಲಿಲ್ಲ. ಕುಬ್ಜ ಎಂಬ ಕವಿ ಬರೆದ. ಆ ಕುಬ್ಜನ ಹೆಸರು ಶಾಸನದಲ್ಲೇ ಇದೆ. ಅಷ್ಟೇ ಅಲ್ಲ, ತನ್ನ ಕಾವ್ಯವನ್ನು ಕಲ್ಲಿನ ಮೇಲೆ ತಾನೇ ಬರೆದೆ ಎಂದೂ ಅವನು ಹೇಳಿಕೊಂಡಿದ್ದಾನೆ. ಸಾಮಾನ್ಯವಾಗಿ ಶಾಸನದ ಕೆಲಸ ಮೂರು ಕೈಗಳಲ್ಲಿ ನಡೆಯುತ್ತಿತ್ತು. ಪದ್ಯ ಕಟ್ಟುವವನು ಒಬ್ಬ, ಅದನ್ನು ಕಲ್ಲಿನ ಮೇಲೆ ಅಕ್ಷರ ಮಾಡಿ ಬರೆಯುವವನು ಇನ್ನೊಬ್ಬ, ಉಳಿ ಹಿಡಿದು ಕೊರೆಯುವವನು ಮತ್ತೊಬ್ಬ. ಕುಬ್ಜ ಮಾತ್ರ ಪದ್ಯ ಕೊಟ್ಟು ಮನೆಗೆ ಹೋಗಲಿಲ್ಲ. ಅಕ್ಷರವೂ ತನ್ನದೇ ಇರಲಿ ಎಂದು ನಿಂತ.

ಇದರಲ್ಲಿ ನಮಗೆ ಎರಡು ಪಾಠ ಉಂಟು. ಒಂದು ರಾಜನದ್ದು. ತನ್ನ ಮನೆತನದ ಚರಿತ್ರೆ ತನಗಿಂತ ಹೆಚ್ಚು ಯಾರಿಗೆ ಗೊತ್ತು ಎಂದು ಅವನು ತಾನೇ ಪದ್ಯ ಹೊಸೆಯಲು ಕೂರಲಿಲ್ಲ. ಬಲ್ಲವನಿಗೆ ಒಪ್ಪಿಸಿದ. ಒಪ್ಪಿಸಿದ ಮೇಲೆ ಅವನ ಹೆಸರು ಕಲ್ಲಿನ ಮೇಲೆ ಉಳಿಯಲು ಬಿಟ್ಟ. ಇನ್ನೊಂದು ಪಾಠ ಕವಿಯದ್ದು. ಜವಾಬ್ದಾರಿ ಸಿಕ್ಕಿದವನು ಅದನ್ನು ಇನ್ನೊಬ್ಬರ ತಲೆಗೆ ಕಟ್ಟಲಿಲ್ಲ. ಕೊನೆಯ ಅಕ್ಷರದವರೆಗೂ ತಾನೇ ನಿಂತು ಮುಗಿಸಿದ. ಇವತ್ತು ಶಾಂತಿವರ್ಮನ ಅರಮನೆ ಎಲ್ಲಿತ್ತು ಎಂದು ಕೇಳಿದರೆ ನಾವು ಯಾರೂ ಹೋಗಿ ತೋರಿಸಲಾರೆವು. ಕುಬ್ಜನ ಅಕ್ಷರ ನಿಂತಿದೆ, ಅದರ ಜೊತೆ ರಾಜನ ಹೆಸರೂ ನಿಂತಿದೆ.

ಕಂಬದ ಎದುರು ನಿಂತು ನನಗೆ ಆ ಹುಡುಗಿಯ ನೆನಪಾಯಿತು. ಅವಳ ಹೆಸರನ್ನು "ಸಹಕಾರ" ಎಂಬ ಸಾಲಿಗೆ ನೂಕಿದ ನನ್ನ ಕೈಯೂ ನೆನಪಾಯಿತು.

ಹೆಸರು ಹಾಕುವುದು ಹೊಸ ಪದ್ಧತಿ ಅಲ್ಲ

"ಸಂಘದ ಕೆಲಸದಲ್ಲಿ ಹೆಸರು ಯಾಕೆ? ಎಲ್ಲ ಅಲ್ಲಾಹನಿಗಾಗಿ ಅಲ್ವಾ?" ಎಂದು ಕೇಳುವವರಿದ್ದಾರೆ. ಮಾತು ಸರಿ. ಆದರೆ ಇದನ್ನು ಹೇಳುವವರು ಹೆಚ್ಚಾಗಿ ಬ್ಯಾನರಿನಲ್ಲಿ ತಮ್ಮ ಫೋಟೋ ಇರುವವರೇ.

ನಮ್ಮ ಈ ಭಾಗದಿಂದಲೇ ಇನ್ನೊಂದು ಉದಾಹರಣೆ ಕೊಡುತ್ತೇನೆ. ಬೇಲೂರಿನ ಚೆನ್ನಕೇಶವ ದೇವಸ್ಥಾನವನ್ನು ಹೊಯ್ಸಳ ರಾಜ ವಿಷ್ಣುವರ್ಧನ 1117ರಲ್ಲಿ ಪ್ರತಿಷ್ಠೆ ಮಾಡಿಸಿದ. ಅಲ್ಲಿನ ಮದನಿಕೆಯರನ್ನು ನೋಡಲು ಜಗತ್ತಿನ ಎಲ್ಲ ಕಡೆಯಿಂದ ಜನ ಬರುತ್ತಾರೆ. ಅವುಗಳಲ್ಲಿ ಕೆಲವನ್ನು ಕಡೆದವನು ದಾಸೋಜ, ಇನ್ನು ಕೆಲವನ್ನು ಅವನ ಮಗ ಚಾವಣ. ಇವರು ಬಳ್ಳಿಗಾವಿಯವರು, ಅಂದರೆ ಇದೇ ಶಿಕಾರಿಪುರ ತಾಲೂಕಿನವರು. ಇದು ನಮಗೆ ಹೇಗೆ ಗೊತ್ತಾಯಿತು? ಶಿಲ್ಪಗಳ ಕೆಳಗೆ ಅವರು ತಮ್ಮ ಹೆಸರು, ಊರು, ಬಿರುದು ಕೊರೆದಿದ್ದಾರೆ. ಹಣ ಹಾಕಿದ್ದು ರಾಜ. ಆದರೂ ರಾಜನಿಗೆ ಅದರಿಂದ ಮಾನ ಕಡಿಮೆಯಾಗಲಿಲ್ಲ. "ನನ್ನ ದೇವಸ್ಥಾನದಲ್ಲಿ ನಿನ್ನ ಹೆಸರು ಯಾಕೆ" ಎಂದು ಅವನು ಅಳಿಸಿದ್ದರೆ ಬಳ್ಳಿಗಾವಿಯ ಅಪ್ಪ ಮಗನ ಗುರುತೇ ಇರುತ್ತಿರಲಿಲ್ಲ.

ಹೆಸರು ಸ್ಪಷ್ಟವಾಗಿ ಇಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೆ "ಕವಿರಾಜಮಾರ್ಗ"ವೇ ಸಾಕ್ಷಿ. ಈಗ ಸಿಕ್ಕಿರುವ ಕನ್ನಡ ಗ್ರಂಥಗಳಲ್ಲಿ ಅದೇ ಹಳೆಯದು, ಒಂಬತ್ತನೇ ಶತಮಾನದ್ದು. ರಾಷ್ಟ್ರಕೂಟ ರಾಜ ಅಮೋಘವರ್ಷ ನೃಪತುಂಗನ ಸಮ್ಮತಿ ಪಡೆದದ್ದು ಎಂದು ಅದರಲ್ಲಿ ಮತ್ತೆ ಮತ್ತೆ ಬರುತ್ತದೆ. ಹಾಗಾಗಿ ಬಹಳ ಕಾಲ ರಾಜನೇ ಬರೆದದ್ದು ಎಂದು ನಂಬಿದವರು ಇದ್ದರು. ಅಲ್ಲ, ಅವನ ಆಸ್ಥಾನದ ಶ್ರೀವಿಜಯ ಬರೆದದ್ದು ಎಂದು ವಿದ್ವಾಂಸರು ವಾದ ಮಾಡಿದರು. ಈಗ ಹೆಚ್ಚಿನವರು ಒಪ್ಪುವುದು ಶ್ರೀವಿಜಯನನ್ನೇ. ರಾಜ ಸಮ್ಮತಿ ಕೊಟ್ಟದ್ದೂ ದೊಡ್ಡ ಕೆಲಸವೇ. ಆದರೆ ಸಮ್ಮತಿ ಕೊಟ್ಟವರು ಬೇರೆ, ಬರೆದವರು ಬೇರೆ. ನಮ್ಮ ಸ್ಮರಣ ಸಂಚಿಕೆಗಳಲ್ಲೂ ಇವೆರಡು ಬೇರೆ ಬೇರೆ ಸಾಲಿನಲ್ಲಿ ಇರಬೇಕು.

ಇಬ್ಬರು ಸುಲ್ತಾನರು

ಹಾಗಾದರೆ ಮುಂದಾಳು ಕೈ ಕಟ್ಟಿ ಕೂರಬೇಕೋ? ಅವನಿಗೂ ಕಲೆ ಬಂದರೆ? ಈ ಪ್ರಶ್ನೆಗೆ ಉತ್ತರ ಬೇಕಿದ್ದರೆ ಬಿಜಾಪುರದ ಎರಡನೇ ಇಬ್ರಾಹಿಂ ಆದಿಲ್ ಶಾಹನನ್ನು ನೋಡಬೇಕು. 1580ರಿಂದ 1627ರವರೆಗೆ ಆಳಿದ ಸುಲ್ತಾನ. ಅವನಿಗೆ ಸಂಗೀತದ ಹುಚ್ಚು. ಅವನ ತಂಬೂರಿಗೆ ಮೋತಿಖಾನ್ ಎಂದು ಹೆಸರಿತ್ತು. "ಕಿತಾಬ್-ಎ-ನವರಸ್" ಎಂಬ ಹಾಡುಗಳ ಪುಸ್ತಕವನ್ನು ದಖನಿಯಲ್ಲಿ ಅವನೇ ಬರೆದ. ಆಸ್ಥಾನದಲ್ಲಿ ದೊಡ್ಡ ದೊಡ್ಡ ಕವಿಗಳಿದ್ದರೂ ಹಾಡನ್ನು ಅವರ ಕೈಯಲ್ಲಿ ಬರೆಸಿ ತನ್ನ ಹೆಸರು ಹಾಕಿಕೊಳ್ಳಲಿಲ್ಲ. ಅದು ಅವನ ಒಳಗಿಂದ ಬಂದದ್ದು, ಅವನೇ ಬರೆಯಬೇಕಿತ್ತು.

ಆದರೆ ಅದೇ ಪುಸ್ತಕಕ್ಕೆ ಪಾರ್ಸಿ ಮುನ್ನುಡಿ ಬೇಕಾದಾಗ ಅದನ್ನು ಬರೆದದ್ದು ಆಸ್ಥಾನದ ಕವಿ ಝುಹೂರಿ. ಚೆಂದದ ಅಕ್ಷರದಲ್ಲಿ ಪ್ರತಿ ಮಾಡಿದ್ದು ಇರಾನಿನಿಂದ ಬಂದ ಖಲೀಲುಲ್ಲಾ. ಅವನ ಅಕ್ಷರ ನೋಡಿ ಸುಲ್ತಾನ ಕೊಟ್ಟ ಬಿರುದು "ಪಾದಶಾಹ್-ಎ-ಕಲಂ", ಅಂದರೆ ಲೇಖನಿಯ ಬಾದಶಾಹ. ಸ್ವಲ್ಪ ಯೋಚನೆ ಮಾಡಿ. ಸಿಂಹಾಸನದಲ್ಲಿ ಕೂತ ಬಾದಶಾಹ ತನ್ನ ಕೈಕೆಳಗಿನ ಕೆಲಸಗಾರನನ್ನು ಬಾದಶಾಹ ಎಂದು ಕರೆದ. ನಾವು ಒಂದು ಸರ್ಟಿಫಿಕೇಟ್ ಕೊಡಲಿಕ್ಕೂ ಹಿಂದೆ ಮುಂದೆ ನೋಡುತ್ತೇವೆ. ಬಿಜಾಪುರದ ಇಬ್ರಾಹಿಂ ರೋಜಾಕ್ಕೆ ಹೋದವರಿಗೆ ಗೊತ್ತಿರಬಹುದು, ಅದನ್ನು ಕಟ್ಟಿದ ಮಲಿಕ್ ಸಂದಲನ ಹೆಸರು ಅಲ್ಲಿನ ಶಾಸನದಲ್ಲೇ ಇದೆ.

ಇನ್ನೊಬ್ಬ ಸುಲ್ತಾನ ನಮಗೆಲ್ಲ ಗೊತ್ತಿರುವ ಟಿಪ್ಪು. ಸೈನಿಕರ ಕವಾಯತು, ಯುದ್ಧದ ನಿಯಮ ಎಲ್ಲ ಇರುವ "ಫತ್ಹುಲ್ ಮುಜಾಹಿದೀನ್" ಗ್ರಂಥವನ್ನು ಅವನು ಝೈನುಲ್ ಆಬಿದೀನ್ ಶುಸ್ತರಿಯಿಂದ ಬರೆಸಿದ. ಏನು ಇರಬೇಕು ಎಂಬುದು ಟಿಪ್ಪುವಿನ ಯೋಚನೆ, ಬರೆದದ್ದು ಬಲ್ಲ ವಿದ್ವಾಂಸ. ಆದರೆ ತನಗೆ ಬಿದ್ದ ಕನಸುಗಳನ್ನು ಮಾತ್ರ ಅವನು ಯಾವ ಮುನ್ಷಿಗೂ ಹೇಳಿ ಬರೆಸಲಿಲ್ಲ. ಪಾರ್ಸಿಯಲ್ಲಿ ತನ್ನ ಕೈಯಾರೆ ಬರೆದು ಗುಟ್ಟಾಗಿ ಇಟ್ಟುಕೊಂಡಿದ್ದ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಆ ಪುಸ್ತಕ ಬ್ರಿಟಿಷರ ಕೈಗೆ ಸಿಕ್ಕಿತು. ಗಿರೀಶ್ ಕಾರ್ನಾಡರ ನಾಟಕದ ಹೆಸರು ಬಂದದ್ದೂ ಆ ಕನಸುಗಳಿಂದ. ನೂರು ಮುನ್ಷಿಗಳಿದ್ದ ಸುಲ್ತಾನನಿಗೂ ತಾನೇ ಬರೆಯಬೇಕಾದ ಒಂದು ಪುಸ್ತಕ ಇತ್ತು.

ಇದಕ್ಕಿಂತ ದೊಡ್ಡ ಮಾದರಿ ನಮ್ಮ ಮುಂದೆ ಉಂಟು, ಅದನ್ನು ನಮ್ಮ ಮಕ್ಕಳೂ ಮದ್ರಸದಲ್ಲಿ ಓದಿದ್ದಾರೆ. ವಿರೋಧಿಗಳು ಪದ್ಯ ಕಟ್ಟಿ ನಿಂದಿಸಿದಾಗ ಪದ್ಯದಲ್ಲೇ ಉತ್ತರ ಕೊಡುವ ಕೆಲಸವನ್ನು ಪ್ರವಾದಿ ಮುಹಮ್ಮದ್ (ಸ) ಅವರು ಕವಿ ಹಸ್ಸಾನ್ ಬಿನ್ ಸಾಬಿತ್ (ರ) ಅವರಿಗೆ ಒಪ್ಪಿಸಿದರು. ಮಸೀದಿಯಲ್ಲಿ ಅವರಿಗೆ ಮಿಂಬರ್ ಇರಿಸಿ ಗೌರವ ಕೊಟ್ಟರು. ಆದರೆ ಮದೀನಾದ ರಕ್ಷಣೆಗೆ ಕಂದಕ ತೋಡುವಾಗ ಮಾತ್ರ ಪ್ರವಾದಿಯವರೇ ಮಣ್ಣು ಹೊತ್ತರು. ಕಂದಕದ ಉಪಾಯ ಹೇಳಿದ್ದೂ ಸಲ್ಮಾನ್ ಫಾರಿಸಿ (ರ). ಉಪಾಯ ಬಲ್ಲವರಿಂದ ಪಡೆದರು, ಪದ್ಯ ಕವಿಗೆ ಬಿಟ್ಟರು, ಮಣ್ಣು ತಾವೇ ಹೊತ್ತರು. ನಮ್ಮ ಕಮಿಟಿಗಳಲ್ಲಿ ಇದು ಹೆಚ್ಚಾಗಿ ತಿರುವುಮುರುವು ಆಗಿದೆ. ಮಣ್ಣು ಹೊರುವುದು ಹುಡುಗರು, ಉಪಾಯ ಹೇಳುವುದು ಅಧ್ಯಕ್ಷರು, ಪದ್ಯವೂ ಅಧ್ಯಕ್ಷರದ್ದೇ.

ಯಾವುದು ತಾನೇ, ಯಾವುದು ಬೇರೆಯವರಿಗೆ?

ಇಷ್ಟು ನೋಡಿದ ಮೇಲೆ ನನಗೆ ತೋಚಿದ್ದನ್ನು ಹೇಳುತ್ತೇನೆ. ನಾನು ದೊಡ್ಡ ವಿದ್ವಾಂಸ ಅಲ್ಲ, ಅಂಗಡಿಯವನು. ತಪ್ಪು ಮಾಡಿ ಕಲಿತದ್ದು ಇದು.

ಕ್ಷಮೆ ಕೇಳುವುದು, ಸಂತಾಪ ಹೇಳುವುದು, ಮಾತು ಕೊಡುವುದು, ಈ ಮೂರನ್ನು ಮುಂದಾಳು ಯಾರಿಗೂ ಬಿಡಬಾರದು. ಇದರಲ್ಲಿ ಕೇಳುವವರು ನೋಡುವುದು ಭಾಷೆಯ ಚೆಂದವನ್ನಲ್ಲ. ಈ ಮನುಷ್ಯ ನನಗಾಗಿ ಅರ್ಧ ಗಂಟೆ ಕೂತು ಯೋಚನೆ ಮಾಡಿದ್ದಾನೋ ಇಲ್ಲವೋ ಎಂಬುದನ್ನು. ತಪ್ಪು ಕನ್ನಡದಲ್ಲಿ ಎರಡೇ ಸಾಲು ಇದ್ದರೂ ಅದು ಸ್ವಂತದ್ದಾಗಿರಬೇಕು.

ಹಾಗೆಯೇ, ಒಂದು ಕೆಲಸ ಯಾಕೆ ಮಾಡುತ್ತೇವೆ ಎಂಬುದನ್ನೂ ಮುಂದಾಳು ತಾನೇ ಹೇಳಬೇಕು. ಶಾಲೆ ಕಟ್ಟುತ್ತೀರಾ? ಯಾಕೆ ಕಟ್ಟುತ್ತೀರಿ ಎಂಬುದನ್ನು ಒಂದು ಪುಟ ಸ್ವಂತ ಮಾತಿನಲ್ಲಿ ಬರೆಯಿರಿ. ಅದನ್ನು ಬರೆಯಲು ಆಗದಿದ್ದರೆ ನಕ್ಷೆ ಮಾಡುವ ಎಂಜಿನಿಯರಿಗೂ, ಕರಪತ್ರ ಬರೆಯುವ ಹುಡುಗನಿಗೂ ನೀವು ಏನು ಹೇಳಿದ ಹಾಗಾಯಿತು? "ಚೆಂದ ಮಾಡಿ" ಎಂದು ಮಾತ್ರ. "ಚೆಂದ ಮಾಡಿ" ಎಂಬುದು ಆದೇಶ ಅಲ್ಲ, ನಮಗೇ ಗೊತ್ತಿಲ್ಲ ಎಂಬುದನ್ನು ಮುಚ್ಚುವ ಮಾತು.

ಇದರ ಆಚೆಗಿನ ಕಸುಬಿನ ಕೆಲಸವನ್ನೆಲ್ಲ ಬಲ್ಲವರಿಗೆ ಬಿಡಬೇಕು. ಚಿತ್ರ, ಹಾಡು, ಪುಟ ವಿನ್ಯಾಸ, ನಾಟಕ, ವೀಡಿಯೋ, ಲೇಖನ ಎಲ್ಲ ಇದರಲ್ಲಿ ಬರುತ್ತದೆ. ಬಿಡುವ ಮೊದಲೇ ಎಲ್ಲ ಹೇಳಬೇಕು. ಎಷ್ಟು ಪುಟ, ಎಷ್ಟು ಹಣ, ಯಾವ ದಿನ, ಯಾವುದು ಬೇಡವೇ ಬೇಡ. ಜಾಹೀರಾತಿಗೆ ಆರು ಪುಟ ಬೇಕಿದ್ದರೆ ಮೊದಲ ದಿನವೇ ಹೇಳಬೇಕು, ಪ್ರೆಸ್ಸಿಗೆ ಹೋಗುವ ರಾತ್ರಿ ಅಲ್ಲ. ನಡುವೆ ಒಮ್ಮೆ ನೋಡಬೇಕು, ತಪ್ಪು ಮಾಹಿತಿ ಇದ್ದರೆ ತಿದ್ದಿಸಬೇಕು. ಯಾರ ಮನಸ್ಸಿಗಾದರೂ ನೋವಾಗುವ ಮಾತಿದ್ದರೆ ತೆಗೆಸಬೇಕು, ಅದು ಮುಂದಾಳಿನ ಹಕ್ಕೂ ಹೌದು, ಕರ್ತವ್ಯವೂ ಹೌದು. ಆದರೆ "ನನಗೆ ಹಿಡಿಸಲಿಲ್ಲ" ಎಂಬುದು ಬೇರೆ, "ತಪ್ಪಿದೆ" ಎಂಬುದು ಬೇರೆ. ಅಜ್ಜಿಯ ಕೈಯ ಚಿತ್ರದಲ್ಲಿ ತಪ್ಪೇನೂ ಇರಲಿಲ್ಲ. ನನಗೆ ಹಿಡಿಸಲಿಲ್ಲ, ಅಷ್ಟೇ.

ಸೊರಬ, ಸಾಗರದ ಗುಡಿಗಾರರು ಗಂಧದ ಮರದಲ್ಲಿ ಕೆತ್ತುವುದನ್ನು ನೀವು ನೋಡಿರಬಹುದು. ಮಕ್ಕಳು ದೊಡ್ಡವರ ಪಕ್ಕದಲ್ಲಿ ಕೂತು ಮೊದಲು ಒರಟು ಕೆಲಸ ಕಲಿಯುತ್ತಾರೆ, ಆಮೇಲೆ ಬಳ್ಳಿ, ಎಲೆ, ಹೂವು. ಉಳಿ ಕೈಗೆ ಕೊಡದೆ ಯಾರೂ ಗುಡಿಗಾರ ಆಗುವುದಿಲ್ಲ. ಕಲಿಯುವವನ ಕೈಯಲ್ಲಿ ಒಂದೆರಡು ತುಂಡು ಹಾಳಾಗುತ್ತದೆ ಎಂದು ಗೊತ್ತಿದ್ದೇ ಕೊಡುತ್ತಾರೆ. ಗಂಧದಷ್ಟು ಬೆಲೆಬಾಳುವ ಮರವನ್ನೇ ನಂಬಿ ಕೊಡುವವರಿರುವಾಗ, ನಮ್ಮ ಒಂದು ಕರಪತ್ರವನ್ನು ಹುಡುಗರ ಕೈಗೆ ಕೊಡಲು ನಮಗೆ ಭಯ ಯಾಕೆ?

ಕೂಲಿಯ ವಿಷಯ ಇನ್ನೂ ಉಳಿದಿದೆ. ನಮ್ಮ ಕಾರ್ಯಕ್ರಮಗಳ ಲೆಕ್ಕ ತೆಗೆದು ನೋಡಿ. ಶಾಮಿಯಾನದವರಿಗೆ ಬಿಲ್ ಉಂಟು. ಮೈಕಿನವರಿಗೆ, ಬಿರಿಯಾನಿಯವರಿಗೆ, ಫ್ಲೆಕ್ಸ್ ಪ್ರಿಂಟ್ ಮಾಡಿದವರಿಗೆ ಬಿಲ್ ಉಂಟು. ಫ್ಲೆಕ್ಸಿನಲ್ಲಿ ಏನು ಇರಬೇಕು ಎಂದು ಎರಡು ರಾತ್ರಿ ಕೂತು ಬರೆದವನಿಗೆ, ಚಿತ್ರ ಮಾಡಿದವಳಿಗೆ ಒಂದು ಶಾಲು. ಶಾಲು ಬೇಡ ಎನ್ನುತ್ತಿಲ್ಲ. ಆದರೆ ಬುದ್ಧಿಯಿಂದ ಮಾಡಿದ ಕೆಲಸ ಕೆಲಸವೇ ಅಲ್ಲ ಎಂದು ಮಕ್ಕಳಿಗೆ ನಾವೇ ಕಲಿಸುತ್ತಿದ್ದೇವೆ. ಆಮೇಲೆ ನಮ್ಮಲ್ಲಿ ಬರೆಯುವವರು ಇಲ್ಲ, ಚಿತ್ರ ಮಾಡುವವರು ಇಲ್ಲ ಎಂದು ನಾವೇ ದೂರುತ್ತೇವೆ.

ಬರೆಯಲು ಬಾರದ ಹಾಜಿಯವರು

ಒಂದು ಸರಿಯಾದ ಆಕ್ಷೇಪ ಉಂಟು. ನಮ್ಮ ಎಷ್ಟೋ ಜಮಾಅತ್‌ಗಳ ಹಿರಿಯರು ಶಾಲೆಗೆ ಹೋದವರಲ್ಲ. ಚಿಕ್ಕವರಿದ್ದಾಗಲೇ ಅಂಗಡಿಗೆ, ಬಂದರಿಗೆ, ದುಬೈಗೆ ಹೋದವರು. ಅವರಿಗೆ "ತಾವೇ ಬರೆಯಿರಿ" ಎನ್ನುವುದು ನ್ಯಾಯವಾ?

ಬರೆಯುವುದು ಎಂದರೆ ಪೆನ್ನು ಹಿಡಿಯುವುದು ಮಾತ್ರ ಅಲ್ಲ. ಹಾಜಿಯವರು ಬ್ಯಾರಿಯಲ್ಲಿ ಮಾತಾಡಲಿ, ಮೊಮ್ಮಗ ಪಕ್ಕದಲ್ಲಿ ಕೂತು ಹಾಗೆಯೇ ಬರೆದುಕೊಳ್ಳಲಿ. ಮಾತು ಅವರದ್ದು, ಅಕ್ಷರ ಮೊಮ್ಮಗನದ್ದು. ಇದು ಕಳ್ಳತನ ಅಲ್ಲ. ಬಿಳಿ ಹಾಳೆಗೆ ಸೈನ್ ಹಾಕಿ ಮೊಮ್ಮಗನಿಗೆ ಕೊಟ್ಟು "ಏನಾದರೂ ತುಂಬಿಸು" ಎಂದರೆ ಮಾತ್ರ ತಪ್ಪು. ಫೋನಿನ ಎಐ ವಿಷಯದಲ್ಲೂ ನನ್ನ ಮಾತು ಇಷ್ಟೇ. ನನಗೆ ಅದರ ಮೇಲೆ ಸಿಟ್ಟಿಲ್ಲ. ಅದು ಹೊಸ ಕಾಲದ ಮುನ್ಷಿ. ಲೆಟರ್ ಹೆಡ್ಡಿನಲ್ಲಿ ತಹಶೀಲ್ದಾರರಿಗೆ ಅರ್ಜಿ ಬರೆಯಲು, ಕಾಗುಣಿತ ನೋಡಲು ಒಳ್ಳೆಯದೇ. ಆದರೆ ಮೂವತ್ತು ವರ್ಷದ ಗೆಳೆತನ ಮುನ್ಷಿಗೆ ಗೊತ್ತಿರುವುದಿಲ್ಲ. ಗೊತ್ತಿಲ್ಲದವರ ಹತ್ತಿರ ಬರೆಸಿದರೆ ಯಾರಿಗೆ ಬೇಕಾದರೂ ಹೊಂದುವ ಮಾತು ಬರುತ್ತದೆ. ಯಾರಿಗೆ ಬೇಕಾದರೂ ಹೊಂದುವ ಮಾತು ಯಾರದ್ದೂ ಅಲ್ಲ.

ಇನ್ನೊಂದು ಜಾತಿಯ ಮುಂದಾಳುಗಳೂ ಇದ್ದಾರೆ. ನಿಜಕ್ಕೂ ಪ್ರತಿಭೆ ಇರುವವರು. ಅವರೇ ಹಾಡು ಬರೆಯುತ್ತಾರೆ, ಅವರೇ ನಿರೂಪಣೆ, ಅವರೇ ಸಂಪಾದಕರು. ಕೆಲಸ ಚೆನ್ನಾಗಿಯೇ ಆಗುತ್ತದೆ. ಆದರೆ ಅವರು ಊರು ಬಿಟ್ಟ ದಿನ, ಇಲ್ಲವೇ ಕಣ್ಣು ಮುಚ್ಚಿದ ದಿನ ಸಂಘವೂ ಮುಚ್ಚುತ್ತದೆ. ಹತ್ತು ಕೆಲಸದಲ್ಲಿ ಎರಡನ್ನು ತನಗೆ ಇಟ್ಟುಕೊಂಡು ಎಂಟನ್ನು ಬೇರೆಯವರಿಗೆ ಕೊಟ್ಟಿದ್ದರೆ ಇವರ ಹಿಂದೆ ಎಂಟು ಮಂದಿ ತಯಾರಾಗುತ್ತಿದ್ದರು. ಇಂಥವರಿಗೆ ಬಿಟ್ಟುಕೊಡುವುದು ಉಳಿದವರಿಗಿಂತ ಕಷ್ಟ, ಯಾಕೆಂದರೆ ಅವರು ಮಾಡಿದರೆ ನಿಜವಾಗಿಯೂ ಹೆಚ್ಚು ಚೆನ್ನಾಗಿ ಆಗುತ್ತದೆ. ಆದರೂ ಬಿಡಬೇಕು.

ನಮ್ಮ ಭಾಷೆಯ ವಿಷಯವೂ ಹೌದು

ಸರಕಾರ 2007ರಲ್ಲಿ ಬ್ಯಾರಿ ಸಾಹಿತ್ಯ ಅಕಾಡೆಮಿ ಮಾಡಿತು. ಅಕ್ಟೋಬರ್ 3ಕ್ಕೆ ಬ್ಯಾರಿ ಭಾಷಾ ದಿನ ಆಚರಿಸುತ್ತೇವೆ. ಒಳ್ಳೆಯದು. ಆದರೆ ಜಡೆಯಂಥ ಊರಿನ ಬ್ಯಾರಿ ಮನೆಯ ಕತೆಯನ್ನು ಮಂಗಳೂರಿನ ಅಕಾಡೆಮಿ ಬಂದು ಬರೆಯಲು ಸಾಧ್ಯ ಇಲ್ಲ. ಇಲ್ಲಿ ನಮ್ಮ ಮಕ್ಕಳು ಶಾಲೆಯಲ್ಲಿ ಕನ್ನಡ, ಓಣಿಯ ಗೆಳೆಯರ ಜೊತೆ ದಖನಿ, ಮನೆಯಲ್ಲಿ ಅಜ್ಜಿಯ ಹತ್ತಿರ ಮಾತ್ರ ಬ್ಯಾರಿ ಆಡುತ್ತಾರೆ. ಅಜ್ಜಿ ಹೋದರೆ ಆ ಮನೆಯ ಬ್ಯಾರಿಯೂ ಹೋಯಿತು. ಆ ಹುಡುಗಿ ನಾಲ್ಕು ಪುಟ ಬರೆದು ತಂದದ್ದು ಅದನ್ನೇ. ನಾನು ಮೂರು ಪುಟ ಕತ್ತರಿಸಿ ಜಾಹೀರಾತು ಹಾಕಿದೆ. ಅವರಲ್ಲಿ ಇಬ್ಬರು ಅಜ್ಜಿಯರು ಈಗ ಇಲ್ಲ. ಕತ್ತರಿಸಿದ ಪುಟಗಳಲ್ಲಿ ಇದ್ದದ್ದನ್ನು ಮತ್ತೆ ಕೇಳಿ ಬರೆಯಲು ಯಾರ ಹತ್ತಿರ ಹೋಗುವುದು? ಅಧ್ಯಕ್ಷನ ಒಂದು ರಾತ್ರಿಯ ಕೈಚಳಕಕ್ಕೆ ಇಷ್ಟು ದೊಡ್ಡ ಬೆಲೆ ಉಂಟು ಎಂದು ಆವತ್ತು ನನಗೆ ಗೊತ್ತಿರಲಿಲ್ಲ.

ತಾಳಗುಂದದಿಂದ ಬಂದ ಮೇಲೆ ನಾನು ಎರಡು ಕೆಲಸ ಮಾಡಿದೆ. ಒಂದು ರಾತ್ರಿ ಅಂಗಡಿ ಮುಚ್ಚಿ, ಲೆಕ್ಕದ ಪುಸ್ತಕದ ಹಾಳೆಯಲ್ಲಿ ತೀರಿಕೊಂಡ ಹಿರಿಯರ ಬಗ್ಗೆ ಒಂದೂವರೆ ಪುಟ ನಾನೇ ಬರೆದೆ. ಕಾಗುಣಿತ ಸರಿ ಇಲ್ಲ, ಒತ್ತಕ್ಷರ ಎಲ್ಲೆಲ್ಲೋ ಹೋಗಿದೆ. ನೆಂದ ಸರಕು, ಎಣಿಸದೆ ಕಿಸೆಗೆ ಹಾಕಿದ ಹಣ, ಸಂತೆಯ ಜಗಳ ಎಲ್ಲ ಬರೆದೆ. ಅವರ ಮಗಳ ಮನೆಗೆ ಹೋಗಿ ಕೊಟ್ಟೆ. ಅವಳು ನಿಂತಲ್ಲೇ ಓದಿ, "ಈ ಹಣದ ವಿಷಯ ನಮಗೆ ಯಾರಿಗೂ ಗೊತ್ತೇ ಇರಲಿಲ್ಲ ಕಾಕ" ಅಂದಳು. ಆ ಹಾಳೆ ಅವರ ಮನೆಯಲ್ಲೇ ಇದೆ.

ಎರಡನೆಯದಾಗಿ, ಸಂಚಿಕೆ ಮಾಡಿದ ಹುಡುಗಿಯ ಮನೆಗೆ ಹೋದೆ. ತಪ್ಪಾಯಿತು ಎಂದೆ, ಯಾವುದು ತಪ್ಪು ಎಂಬುದನ್ನೂ ಒಂದೊಂದಾಗಿ ಹೇಳಿದೆ. ಅವಳ ಹಳೆಯ ನೋಟ್ ಪುಸ್ತಕ ಇನ್ನೂ ಇದೆಯಂತೆ, ಆ ನಾಲ್ಕು ಪುಟವೂ ಇದೆಯಂತೆ. ನನಗೆ ಅರ್ಧ ಜೀವ ಬಂದ ಹಾಗಾಯಿತು. ಈ ಸಲ ಮನೆಗಳ ಚರಿತ್ರೆಯನ್ನೇ ಒಂದು ಸಣ್ಣ ಪುಸ್ತಕ ಮಾಡೋಣ, ಬ್ಯಾರಿಯಲ್ಲೂ ಕನ್ನಡದಲ್ಲೂ, ಅದಕ್ಕೆ ಸಂಘದಿಂದ ಸಂಭಾವನೆಯೂ ಉಂಟು ಎಂದೆ. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದು ಕೇಳಿದಳು: "ನಾನು ಕೊಟ್ಟ ಹಾಗೆಯೇ ಪ್ರಿಂಟ್ ಆಗ್ತದಾ ಕಾಕ?"

ಆಗುತ್ತದೆ ಎಂದು ಮಾತು ಕೊಟ್ಟಿದ್ದೇನೆ. ಮುಖಪುಟಕ್ಕೆ ಅದೇ ಕೈಯ ಚಿತ್ರ ಇರುತ್ತದೆ. ಮೊದಲ ಪುಟದಲ್ಲಿ ಬರೆದವಳ ಹೆಸರು. ಅಧ್ಯಕ್ಷರ ಮಾತಿಗೆ ಅವಳು ನನಗೆ ಅರ್ಧ ಪುಟ ಕೊಟ್ಟಿದ್ದಾಳೆ. ಅದ​ನ್ನು ನಾನೇ ಬರೆಯುತ್ತೇನೆ.

ಓದುಗ ಬಂಧುಗಳಲ್ಲಿ ನನ್ನ ವಿನಂತಿ ಇಷ್ಟೇ. ನಿಮ್ಮ ಊರಿನ ಕಮಿಟಿಯ ಮುಂದಿನ ಸಭೆಗೆ ಹೋಗುವಾಗ ಈ ಎರಡು ಪ್ರಶ್ನೆ ಕೇಳಿ. ನಮ್ಮ ಅಧ್ಯಕ್ಷರು ಈ ವರ್ಷ ಸ್ವಂತವಾಗಿ ಆಡಿದ ಮಾತು ಯಾವುದು? ನಮ್ಮ ಮಕ್ಕಳು ಈ ವರ್ಷ ಯಾರೂ ಕೈ ಹಾಕದೆ ಮಾಡಿ ಮುಗಿಸಿದ ಕೆಲಸ ಯಾವುದು? ಎರಡಕ್ಕೂ ಉತ್ತರ ಇದ್ದರೆ ಆ ಜಮಾಅತ್ ಚೆನ್ನಾಗಿದೆ. ಇಲ್ಲದಿದ್ದರೆ ಈ ವರ್ಷವೇ ಶುರು ಮಾಡಲಿ.